ಹನ್ನೆರಡರಲ್ಲಿ ಏಳು

ಮೂವತ್ತಮೂರು ವರ್ಷ ಮೂರನೇ ತರಗತಿಯ ಮಕ್ಕಳಿಗೆ ಸರಿಯಾಗಿ ಬರೆಯುವುದನ್ನು ಕಲಿಸಿದ ನಾನು, ಒಬ್ಬನಿಗೆ ಮಾತ್ರ ತಪ್ಪು ಮಾಡುವುದನ್ನು ಕಲಿಸಿದೆ. ಅವನು ನನ್ನ ಅಕ್ಕನ ಮಗ ಲವೆಲ್. ಹಾಗೆ ಕಲಿಸಿದ್ದಕ್ಕೆ ನನಗೆ ನಾಚಿಕೆಯೇನೂ ಇರಲಿಲ್ಲ. ಹೊಗಳುವವರಿದ್ದರೆ ಹೊಗಳಿಸಿಕೊಳ್ಳುತ್ತಿದ್ದೆ.

ಲವೆಲ್ ಅಮೆರಿಕದ ಫುಟ್‌ಬಾಲ್ ಆಡಿ ಬದುಕುವವನು. ಹೆಸರಿಗೆ ಫುಟ್‌ಬಾಲ್, ಅವನ ಕಾಲು ಚೆಂಡಿಗೆ ತಗುಲಿದ್ದನ್ನು ನಾನಂತೂ ಕಂಡಿಲ್ಲ. ಅವನದು ರಿಸೀವರ್ ಕೆಲಸ. ಓಡಬೇಕು, ಥಟ್ಟನೆ ತಿರುಗಬೇಕು, ಹಿಂದಿನಿಂದ ಬಂದ ಚೆಂಡನ್ನು ಗಾಳಿಯಲ್ಲೇ ಹಿಡಿಯಬೇಕು. ಹಿಡಿದ ಕ್ಷಣಕ್ಕೆ ಗೂಳಿಯಂಥ ಇಬ್ಬರು ಮೈಮೇಲೆ ಬಿದ್ದರೂ ಬಿಡಬಾರದು. ಮೈದಾನದ ಅಂಚಿನಲ್ಲಿ ಓಡಿ ಹಿಡಿಯುವವರಿಗೆ ಹೆಸರು, ಫೋಟೋ ಎಲ್ಲ. ನಮ್ಮವನು ನಟ್ಟನಡುವೆ ನುಗ್ಗಿ ಹಿಡಿಯುವವನು. ಅವನ ಪಾಲಿಗೆ ಬಂದದ್ದು ಪೆಟ್ಟು.

ನಮ್ಮದು ಲೂಯಿಸಿಯಾನಾದ ಕಬ್ಬಿನ ಸೀಮೆ, ಮಿಸಿಸಿಪ್ಪಿ ನದಿಯ ಏರಿಯ ಬೆನ್ನಿಗೇ ಮನೆ. ಅಕ್ಕ ಎರ್ಲೀನ್ ಶಾಲೆಯ ಅಡುಗೆಮನೆಯಲ್ಲಿ ಇಪ್ಪತ್ತೊಂಬತ್ತು ವರ್ಷ ಬನ್ನು ಬೇಯಿಸಿದವಳು. ಗಂಡ ಸಕ್ಕರೆ ಕಾರ್ಖಾನೆಯಲ್ಲಿ ದುಡಿಯುತ್ತಲೇ ತೀರಿಹೋದ ಮೇಲೆ ಮಗನನ್ನು ಒಬ್ಬಳೇ ಬೆಳೆಸಿದಳು. ಲವೆಲ್ ಐದು ವರ್ಷದವನಿದ್ದಾಗ ಒಲೆಯ ಪಕ್ಕ ನಿಂತು ಬಿಸಿ ಬನ್ನನ್ನು ಅವನತ್ತ ಎಸೆಯುತ್ತಿದ್ದಳು. "ಹಿಡಿದ್ರೆ ನಿಂಗೆ, ಬಿದ್ರೆ ನಾಯಿಗೆ." ನಾಯಿ ಬಡಕಲಾಗಿಯೇ ಉಳಿಯಿತು. ಆಮೇಲೆ ಊರ ಶಾಲೆಯ ತಂಡ, ಕಾಲೇಜು, ಕೊನೆಗೆ ದೊಡ್ಡ ಲೀಗು. ಎಂಟು ವರ್ಷದಲ್ಲಿ ಮೂರು ತಂಡ ಕಂಡ. ಈ ಬೇಸಿಗೆಗೆ ಅವನಿಗೆ ಮೂವತ್ತೊಂದು ತುಂಬಿತ್ತು. ತಂಡದವರು ಒಂದೇ ಒಂದು ವರ್ಷದ ಕರಾರಿಗೆ ಸಹಿ ಹಾಕಿಸಿಕೊಂಡಿದ್ದರು. ಇದು ಕೊನೆಯದೆಂದು ಎಲ್ಲರಿಗೂ ಗೊತ್ತಿತ್ತು, ಬಾಯಿಬಿಟ್ಟು ಹೇಳುವವರಿರಲಿಲ್ಲ.

ತಪ್ಪು ಮಾಡುವ ಪಾಠ ಶುರುವಾದದ್ದು ಅವನ ಮೊದಲ ವರ್ಷದ ಕೊನೆಗೆ. ತಲೆಗೆ ಪೆಟ್ಟು ಬಿದ್ದು ಮೂರು ವಾರ ಹೊರಗೆ ಕೂತಿದ್ದ. ಅಷ್ಟರಲ್ಲಿ ಅವನ ಜಾಗಕ್ಕೆ ಬಂದವನು ಅಲ್ಲೇ ಬೇರುಬಿಟ್ಟ, ಇವನನ್ನು ಕೈಬಿಟ್ಟರು. ಮನೆಗೆ ಬಂದು ಇದೇ ಅಡುಗೆಮನೆಯ ಮೇಜಿಗೆ ಮೊಣಕೈ ಊರಿ ಹೇಳಿದ.

"ಜುಲೈ ಕೊನೇಲಿ ಎಲ್ರನ್ನೂ ಕಂಪ್ಯೂಟರ್ ಮುಂದೆ ಕೂರಿಸ್ತಾರೆ ಚಿಕ್ಕಮ್ಮಾ. ಒಂದಷ್ಟು ಪದ ತೋರಿಸಿ, ಆಮೇಲೆ ಯಾವ್ಯಾವ್ದು ನೆನಪಿದೆ ಅಂತಾರೆ. ಅದು ನಮ್ಮ ಗುರುತು. ಆಟದಲ್ಲಿ ತಲೆಗೆ ಪೆಟ್ಟು ಬಿದ್ರೆ ಮತ್ತೆ ಅದೇ ಪರೀಕ್ಷೆ. ಗುರುತಿಗಿಂತ ಕೆಳಗೆ ಬಂದ್ರೆ ಹೊರಗೆ ಕೂರು."

"ಹಾಗಾದ್ರೆ ಗುರುತನ್ನೇ ಕೆಳಗೆ ಹಾಕಿಸ್ಕೋ" ಎಂದೆ ನಾನು. ತಮಾಷೆಗೆ ಅಂದದ್ದು.

ಅವನು ನಗಲಿಲ್ಲ. "ಎಷ್ಟೋ ಜನ ಹಾಗೇ ಮಾಡ್ತಾರೆ. ಆದ್ರೆ ತೀರಾ ದಡ್ಡನ ಥರ ಮಾಡಿದ್ರೆ ಸಿಕ್ಕಿಬೀಳ್ತೀವಿ. ನಂಬೋ ಹಾಗೆ ತಪ್ಪು ಮಾಡೋದು ಹ್ಯಾಗೆ?"

ಅದು ನನಗಲ್ಲದೆ ಇನ್ಯಾರಿಗೆ ಗೊತ್ತಿರಬೇಕು? ಜೀವಮಾನವೆಲ್ಲ ಮಕ್ಕಳ ತಪ್ಪುಗಳನ್ನೇ ಓದಿದವಳು ನಾನು. "ನನ್ ಕ್ಲಾಸಿನ ಮಧ್ಯದ ಸಾಲಿನ ಹುಡುಗನ ಥರ ಇರು. ಮೊದಲ ಮೂರು ಪದ ಬಿಡ್ಬೇಡ, ಕೊನೇ ಮೂರು ಬಿಡ್ಬೇಡ, ಅವು ಎಂಥವನಿಗೂ ನೆನಪಿರುತ್ತೆ. ನಡುವಿನ ಆರರಲ್ಲಿ ಒಂದೇ ಹೇಳು. ಹನ್ನೆರಡಕ್ಕೆ ಏಳು. ಇಲ್ಲದ ಪದ ಮಾತ್ರ ಸೇರಿಸ್ಬೇಡ, ಅದು ಬೇರೆ ಥರದ ತಪ್ಪು."

ಅಂದಿನಿಂದ ಪ್ರತಿ ವರ್ಷ ಜುಲೈ ತಿಂಗಳ ಮೊದಲ ಸೋಮವಾರ ನಮ್ಮಲ್ಲಿ ಇದೊಂದು ಹಬ್ಬವೇ ಆಗಿಹೋಯಿತು. ಸೋಮವಾರವೆಂದರೆ ಈ ಸೀಮೆಯ ಎಲ್ಲ ಮನೆಗಳಲ್ಲೂ ಕೆಂಪು ಬೀನ್ಸ್, ಅನ್ನ. ಬಡಿಸುವ ಮೊದಲು ನಾನು ಹನ್ನೆರಡು ಪದ ಓದುತ್ತಿದ್ದೆ. ಉಂಡಾದ ಮೇಲೆ ಅವನು ನೆನಪಿನಿಂದ ಹೇಳಬೇಕು. ಮೊದಲ ಸಲ ನಿಜವಾಗಿ. ಎಷ್ಟು ಇಳಿಯಬೇಕೆಂದು ತಿಳಿಯಲು ಎಷ್ಟು ಎತ್ತರದಲ್ಲಿದ್ದೇವೆಂದು ಗೊತ್ತಿರಬೇಕಲ್ಲ. ಆಮೇಲೆ ಇನ್ನೊಂದು ಪಟ್ಟಿ ಓದಿ, ಅದಕ್ಕೆ ನಾಟಕ. ಎರಡೂ ಪಟ್ಟಿಗಳನ್ನು ಅವುಗಳ ಅಂಕದೊಂದಿಗೆ ಒಂದು ಹಾಳೆಯಲ್ಲಿ ಬರೆದು, ಬಿಸ್ಕತ್ತಿನ ನೀಲಿ ಡಬ್ಬದಲ್ಲಿ ಹಾಕಿ, ಉಗ್ರಾಣದ ಮೇಲಿನ ಹಲಗೆಗೆ ಸೇರಿಸುತ್ತಿದ್ದೆ. ಮಕ್ಕಳು ಬರೆದ ಕಾಗದ ಎಸೆಯುವ ಅಭ್ಯಾಸ ನನಗೆ ಮೊದಲಿನಿಂದಲೂ ಇಲ್ಲ.

ಈ ವರ್ಷವೂ ಲವೆಲ್, ಅವನ ಹೆಂಡತಿ ರೊಶೆಲ್, ಒಂಬತ್ತು ವರ್ಷದ ಮಗಳು ಇಮಾನಿ ಬೇಸಿಗೆಗೆ ಬಂದಿದ್ದರು. ಆ ಸೋಮವಾರ ರೊಶೆಲ್ ಪಕ್ಕದ ಊರಿಗೆ ತವರಿನವರನ್ನು ನೋಡಲು ಹೋಗಿದ್ದಳು. ಇಮಾನಿ ನನ್ನ ಪಕ್ಕದಲ್ಲಿ ಗಡಿಯಾರ ಹಿಡಿದು ಕೂತಳು.

ಏಣಿ, ಬೆಣ್ಣೆ, ಮೋಡ, ಗರಗಸ, ಕುದುರೆ, ನಿಂಬೆ, ಸೇತುವೆ, ಗಂಟೆ, ಹಗ್ಗ, ಚಮಚ, ದೋಣಿ, ಕನ್ನಡಿ. ನಿಧಾನವಾಗಿ ಓದಿದೆ. ಉಂಡೆವು. ಲವೆಲ್ ತನ್ನ ಬೀನ್ಸಿಗೆ ಉಪ್ಪು ಹಾಕಿಕೊಂಡ, ಸ್ವಲ್ಪ ಹೊತ್ತಿಗೆ ಮತ್ತೆ ಹಾಕಿಕೊಂಡ. ತಟ್ಟೆ ಸರಿಸಿ ಕಣ್ಣು ಮುಚ್ಚಿದ.

"ಏಣಿ. ಬೆಣ್ಣೆ. ಮೋಡ. ಕುದುರೆ. ಸೇತುವೆ." ತಡೆದ. "ಹಗ್ಗ. ಚಮಚ. ಬೂಟು."

"ಮುಂದೆ?"

"ಅಷ್ಟೇ."

"ಮೊದಲನೇ ಸಲ ನಿಜವಾಗಿ ಹೇಳ್ಬೇಕು ಅಲ್ವಾ?"

ಅವನು ಕಣ್ಣು ತೆರೆದು ನನ್ನನ್ನು ನೋಡಿದ. ಆಮೇಲೆ ನಕ್ಕ. "ಸೀದಾ ನಾಟಕದ್ದೇ ಮಾಡ್ದೆ ಚಿಕ್ಕಮ್ಮಾ. ಸುಮ್ನೆ ಎರಡೆರಡು ಸಲ ಯಾಕೆ?"

ಇಮಾನಿ ಚಪ್ಪಾಳೆ ತಟ್ಟಿದಳು. ನಾನು ಹಾಳೆಯಲ್ಲಿ ಏಳು ಎಂದು ಬರೆದೆ. ಆದರೆ ನಾಟಕದ ತಪ್ಪು ನಡುವಿನಲ್ಲಿ ಬೀಳಬೇಕು. ಇವನು ಕೊನೆಯ ಎರಡನ್ನೂ ಬಿಟ್ಟಿದ್ದ. ಬೂಟೆಂಬ ಪದ ಪಟ್ಟಿಯಲ್ಲೇ ಇರಲಿಲ್ಲ.

ಎಲ್ಲರೂ ಎದ್ದ ಮೇಲೆ ಡಬ್ಬ ಇಳಿಸಿದೆ. ಏಳು ವರ್ಷದ ಏಳು ಹಾಳೆಗಳನ್ನು ಮೊದಲ ಸಲ ಒಟ್ಟಿಗೆ ಮೇಜಿನ ಮೇಲೆ ಹರಡಿದೆ. ನಾಟಕದ ಸಾಲಿನಲ್ಲಿ ಏಳು, ಏಳು, ಏಳು, ಕೊನೆಯವರೆಗೂ ಏಳೇ. ನಿಜದ ಸಾಲಿನಲ್ಲಿ ಹನ್ನೊಂದು, ಹನ್ನೊಂದು, ಹನ್ನೆರಡು, ಹನ್ನೊಂದು, ಹತ್ತು, ಹತ್ತು, ಒಂಬತ್ತು. ಎಲ್ಲವೂ ನನ್ನದೇ ಕೈಬರಹ. ಆಯಾ ವರ್ಷ ಬರೆದು ಡಬ್ಬಕ್ಕೆ ಹಾಕಿ ಮುಚ್ಚಳ ಒತ್ತಿದ್ದೆನೇ ಹೊರತು ಒಂದರ ಪಕ್ಕ ಒಂದಿಟ್ಟು ನೋಡಿರಲಿಲ್ಲ. ಬೂಟು ಹೋದ ವರ್ಷದ ಪಟ್ಟಿಯಲ್ಲಿ ಸಿಕ್ಕಿತು. ನನ್ನ ತರಗತಿಯ ಮಗುವೊಂದು ಹೀಗೆ ಮೆಟ್ಟಿಲಿಳಿದಿದ್ದರೆ ಅದೇ ದಿನ ತಾಯಿಯನ್ನು ಕರೆಸುತ್ತಿದ್ದೆ. ನನಗೆ ನನ್ನ ಮೇಲೇ ಸಿಟ್ಟು ಬಂತು.

ಅದಕ್ಕಿಂತ ಹೆದರಿಕೆ ಹುಟ್ಟಿಸಿದ್ದು ಇನ್ನೊಂದು. ತಂಡದ ಡಾಕ್ಟರುಗಳ ಬಳಿ ಇರುವುದು ನಾಟಕದ ಅಂಕ ಮಾತ್ರ. ಅವರ ಲೆಕ್ಕಕ್ಕೆ ಲವೆಲ್ ಎಂದಿನಿಂದಲೂ ಏಳರವನು, ಇಂದೂ ಏಳರವನು. ಅವರ ಕಾಗದದಲ್ಲಿ ಎಲ್ಲಿ ನೋಡಿದರೂ ಅವನಿಗೆ ಏನೂ ಆಗಿಲ್ಲ.

ಎರಡನೇ ವಾರ ನಾನು ಅವನ ಬೆನ್ನಿಗೆ ಬಿದ್ದೆ. ಬೆಳಗ್ಗೆ ಏರಿಯ ಹುಲ್ಲಿನಲ್ಲಿ ಹತ್ತಿ ಇಳಿದು ಓಡಿ ಬರುತ್ತಿದ್ದ, ಓಟದಲ್ಲಿ ಕುಂದಿರಲಿಲ್ಲ. ಅಡುಗೆಮನೆಗೆ ಬಂದರೆ ಮಾತ್ರ ಕಪ್ಪು ಕನ್ನಡಕ ತೆಗೆಯುತ್ತಿರಲಿಲ್ಲ. ಐಸು ತರಲು ಎದ್ದು ಫ್ರಿಜ್ಜಿನ ಬಾಗಿಲು ಹಿಡಿದು ನಿಂತೇ ಇರುತ್ತಿದ್ದ. ಎರ್ಲೀನ್ "ಕರೆಂಟು ನಿಮ್ಮಪ್ಪಂದಾ?" ಎಂದು ಕೂಗಿದರೆ ಬರಿಗೈಯಲ್ಲಿ ಬಂದು ಕೂರುತ್ತಿದ್ದ.

ಒಂದು ಮಧ್ಯಾಹ್ನ ರೊಶೆಲ್ ಜಗಲಿಯಲ್ಲಿ ಇಮಾನಿಗೆ ಸಣ್ಣ ಜಡೆ ಹೆಣೆಯುತ್ತ, ತೊಡೆಯ ಮೇಲೆ ಆಟದ ಚೀಟಿಗಳನ್ನಿಟ್ಟುಕೊಂಡು ಗಂಡನಿಂದ ಪಾಠ ಒಪ್ಪಿಸಿಕೊಳ್ಳುತ್ತಿದ್ದಳು. ಪ್ರತಿ ತಂಡಕ್ಕೂ ತನ್ನದೇ ಗುಟ್ಟಿನ ಭಾಷೆ. ಅಂಕೆ ಹೇಳಿದರೆ ಯಾವ ದಾರಿಯಲ್ಲಿ ಓಡಬೇಕೆಂದು ಅವನಿಗೆ ಹೊಳೆಯಬೇಕು.

"ಹಸಿರು ಬಲ, ನಾಲ್ಕು."

"ಹತ್ತು ಗಜ ನೇರ, ಆಮೇಲೆ ಒಳಕ್ಕೆ."

"ಅಲ್ಲ. ಹೊರಕ್ಕೆ."

"ಒಳಕ್ಕೇ ಕಣೇ."

"ಅದು ನಿನ್ನ ಹಳೇ ತಂಡದ್ದು ಲವೆಲ್. ಈ ತಂಡಕ್ಕೆ ಬಂದು ಮೂರು ವರ್ಷ ಆಯ್ತು." ಅವಳು ಬಾಚಣಿಗೆ ಕೆಳಗಿಟ್ಟಳು. "ಮೈದಾನದಲ್ಲಿ ಹೀಗೆ ಒಳಕ್ಕೆ ಹೋದ್ರೆ ಏನಾಗುತ್ತೆ? ಚೆಂಡು ಹೊರಗೆ, ನೀನು ಒಳಗೆ, ಯಾರು ಬಂದು ಗುದ್ದಿದ್ರೂ ನಿಂಗೆ ಗೊತ್ತಾಗಲ್ಲ."

"ಸೆಕೆಗೆ ತಲೆ ಓಡ್ತಿಲ್ಲ, ಬಿಡು."

"ಸೆಕೆ ನಂಗೂ ಇದೆ" ಎಂದಳು ರೊಶೆಲ್. ಜಡೆ ಬಿಗಿಯಾಗಿ ಎಳೆದಿರಬೇಕು, ಇಮಾನಿ "ಅಮ್ಮಾ!" ಎಂದು ಚೀರಿದಳು.

ಅಂದು ಊಟಕ್ಕೆ ಎರ್ಲೀನ್ ಮೀನು ಕರಿದಿದ್ದಳು, ಬನ್ನೂ ಬೇಯಿಸಿದ್ದಳು. ರೊಶೆಲ್ ತಟ್ಟೆಗೆ ಕೈ ಹಾಕದೆ ಕೂತಳು.

"ಅತ್ತೆ, ಈ ಸಲ ಇವರು ಹೋಗೋದು ಬೇಡ."

"ಎಲ್ಲಿಗೆ?"

"ಆಟಕ್ಕೆ. ಇವರು ಮೊದಲಿನ ಹಾಗಿಲ್ಲ. ನಿನ್ನೆ ಅಂಗಡಿಯಿಂದ ಬರೋ ದಾರಿ ಕೇಳಿದ್ರು ನನ್ನನ್ನ. ಇವರು ಹುಟ್ಟಿ ಬೆಳೆದ ಊರಲ್ಲಿ!"

"ತಮಾಷೆಗೆ ಕೇಳ್ದೆ" ಎಂದ ಲವೆಲ್.

"ನೀನು ತಮಾಷೆ ಮಾಡೋವಾಗ ಹೇಗಿರ್ತೀಯ ಅಂತ ಹನ್ನೆರಡು ವರ್ಷದಿಂದ ನೋಡ್ತಿದೀನಿ."

ಎರ್ಲೀನ್ ಒಲೆಯ ಕಡೆ ತಿರುಗಿ ಒಂದು ಬನ್ನು ಎತ್ತಿಕೊಂಡು, ಎಚ್ಚರಿಕೆಯನ್ನೇ ಕೊಡದೆ ಮಗನ ಎಡಕಿವಿಯ ಪಕ್ಕಕ್ಕೆ ಬೀಸಿದಳು. ಲವೆಲ್ ತಲೆ ಎತ್ತಲಿಲ್ಲ. ಕೈ ಮಾತ್ರ ಹೋಗಿ ಬನ್ನನ್ನು ಹಿಡಿದು ತಂದಿತು.

"ನೋಡಿದ್ಯಾ? ಇದಕ್ಕೇನಾಗಿದೆ ಹೇಳು" ಎಂದಳು ಅಕ್ಕ.

"ಕೈಗೆ ಏನೂ ಆಗಿಲ್ಲ ಅತ್ತೆ. ನಾನು ಕೈ ವಿಷಯ ಮಾತಾಡ್ತಿಲ್ಲ."

"ನೀನು ಯಾವತ್ತೂ ಇವನ ಆಟ ಮೆಚ್ಚಿದೋಳೇ ಅಲ್ಲ! ಊರಲ್ಲಿ ಎರ್ಲೀನ್ ಅಂದ್ರೆ ಯಾರಿಗೂ ಗೊತ್ತಿಲ್ಲ, ಲವೆಲ್ ಅಮ್ಮ ಅಂದ್ರೆ ಎದ್ದು ಕುರ್ಚಿ ಕೊಡ್ತಾರೆ. ಇಪ್ಪತ್ತೊಂಬತ್ತು ವರ್ಷ ಬೇರೆಯವರ ಮಕ್ಕಳಿಗೆ ಬಡಿಸಿದ್ದಕ್ಕೆ ದೇವರು ಕೊಟ್ಟಿದ್ದು ಇದು. ಇನ್ನೊಂದೇ ವರ್ಷ. ಅದನ್ನೂ ಕಿತ್ಕೋಬೇಕಾ ನೀನು?"

"ಕಿತ್ಕೊಳ್ತಿರೋದು ನಾನಾ?"

"ಇಬ್ರೂ ಸುಮ್ನಿರ್ತೀರಾ!" ಲವೆಲ್ ಮೇಜಿಗೆ ಗುದ್ದಿದ. ಲೋಟ ಉರುಳಿತು. ಇಮಾನಿ ತಟ್ಟೆ ಎತ್ತಿಕೊಂಡು ಜಗಲಿಗೆ ಓಡಿದಳು. ಅವನು ಆ ಮನೆಯಲ್ಲಿ ದನಿ ಎತ್ತಿದ್ದನ್ನು ನಾನು ಅದುವರೆಗೆ ಕೇಳಿರಲಿಲ್ಲ.

ಮರುದಿನ ನಾನೂ ರೊಶೆಲ್ಲೂ ಹಿತ್ತಲಲ್ಲಿ ಬಟ್ಟೆ ಒಣಹಾಕುತ್ತಿದ್ದೆವು. ಅವಳು ಹಾಸುಬಟ್ಟೆಯ ಆಚೆಯಿಂದಲೇ ಕೇಳಿದಳು.

"ಚಿಕ್ಕಮ್ಮಾ, ನೀವು ಈ ವರ್ಷ ಪದ ಓದಿಸಿದ್ರಂತೆ. ನಿಜವಾಗಿ ಎಷ್ಟು ಹೇಳಿದ್ರು?"

ಹಿಂದಿನ ದಿನವೇ ಲವೆಲ್ ಉಗ್ರಾಣದ ಬಾಗಿಲಲ್ಲಿ ನನ್ನನ್ನು ತಡೆದು ನಿಲ್ಲಿಸಿದ್ದ. "ಆ ಕಾಗದಗಳನ್ನ ಸುಟ್ಟುಬಿಡು ಚಿಕ್ಕಮ್ಮಾ. ಯಾರ ಕೈಗೂ ಸಿಗ್ಬಾರ್ದು. ರೊಶೆಲ್‌ಗಂತೂ ಹೇಳ್ಲೇಬೇಡ. ಆಣೆ ಮಾಡು." ಮಾಡಿದ್ದೆ.

"ಹನ್ನೊಂದು" ಎಂದೆ.

"ನಿಜವಾಗ್ಲೂ?"

"ನಾನು ಟೀಚರ್ ಕಣೇ. ಅಂಕದ ವಿಷಯದಲ್ಲಿ ಸುಳ್ಳು ಹೇಳ್ತೀನಾ?"

ಅವಳು ಹಾಸುಬಟ್ಟೆ ಸರಿಸಿ ಈಚೆ ಬಂದು ನನ್ನನ್ನು ತಬ್ಬಿಕೊಂಡಳು. ನಾಲ್ಕು ದಿನದಿಂದ ನಿದ್ದೆಯಿಲ್ಲ ಎಂದಳು. ಇನ್ನು ಮಲಗುತ್ತೇನೆ ಎಂದಳು. ನಾನು ಕ್ಲಿಪ್ಪುಗಳನ್ನು ಬಾಯಲ್ಲಿ ಕಚ್ಚಿಕೊಂಡು ನಿಂತೆ. ಕೊಟ್ಟ ಮಾತು ಉಳಿಸಿಕೊಂಡೆ ಎಂದು ಮನಸ್ಸಿಗೆ ಸಮಾಧಾನ ಹೇಳಿಕೊಂಡೆ. ನಿಜ ಹೇಳಬೇಕೆಂದರೆ, ತಪ್ಪು ಮಾಡಲು ಹೇಳಿಕೊಟ್ಟವಳು ನಾನೆಂದು ಹೊರಬೀಳುವ ಭಯ ಅದು.

ಸುಡಲಂತೂ ಕೈ ಬರಲಿಲ್ಲ. ಹಿತ್ತಲ ಪೀಪಾಯಿಗೆ ನನ್ನ ಹಳೆಯ ಪಾಠದ ಟಿಪ್ಪಣಿಗಳನ್ನು ಹಾಕಿ ಬೆಂಕಿ ಕೊಟ್ಟೆ. ಲವೆಲ್ ಕಿಟಕಿಯಿಂದ ಹೊಗೆ ನೋಡಿ ತಲೆದೂಗಿದ. ಹೀಗೆ ಒಂದೇ ವಾರದಲ್ಲಿ ಗಂಡನಿಗೊಂದು ಸುಳ್ಳು, ಹೆಂಡತಿಗೊಂದು ಸುಳ್ಳು ಹೇಳಿದೆ.

ಮೂರನೇ ವಾರ ತಡೆಯಲಾಗಲಿಲ್ಲ. ಎರ್ಲೀನ್ ಒಬ್ಬಳೇ ಬೆಂಡೆಕಾಯಿ ಹೆಚ್ಚುತ್ತಿದ್ದಾಗ ಡಬ್ಬ ತಂದು ಅವಳ ಮುಂದಿಟ್ಟು ಮುಚ್ಚಳ ತೆಗೆದೆ.

"ಅಕ್ಕಾ, ಇದನ್ನ ನೋಡು. ಈ ಸಾಲು ನಿಜದ್ದು."

"ಏನದು?"

"ಹನ್ನೊಂದು ಇದ್ದೋನು ಏಳಕ್ಕೆ ಬಂದಿದಾನೆ. ಈ ಸಲ ನಾಟಕ ಮಾಡ್ಲಿಲ್ಲ ಅವನು. ನಂಗೊತ್ತಾಗಲ್ವಾ?"

ಅವಳ ಕಣ್ಣು ಹಾಳೆಯ ಮೇಲೆ ಒಂದು ಗಳಿಗೆ ನಿಂತಿತು. ಕತ್ತಿಯೂ ನಿಂತಿತು. ಆಮೇಲೆ ಮತ್ತೆ ಹೆಚ್ಚತೊಡಗಿದಳು, ಮೊದಲಿಗಿಂತ ಜೋರಾಗಿ.

"ನಂಗೆ ಓದಿ ಹೇಳ್ಬೇಡ."

"ಅಕ್ಕಾ..."

"ಯಾವ ಡಾಕ್ಟ್ರು ನೀನು? ನೀನೇ ಕಲಿಸ್ದೆ, ಈಗ ನೀನೇ ಹೆದರಿಸ್ತೀಯ? ಎಲ್ಲಿತ್ತೋ ಅಲ್ಲಿಡು ಅದನ್ನ. ರೊಶೆಲ್ ಕಿವಿಗೆ ಬಿತ್ತೋ, ಈ ಮನೇಲಿ ನಿಂಗೆ ಅನ್ನ ಇಲ್ಲ, ವೆರ್ಡೆಲ್."

ಅರವತ್ತು ವರ್ಷದಲ್ಲಿ ಅಕ್ಕ ನನಗೆ ಅಂಥ ಮಾತಾಡಿರಲಿಲ್ಲ. ಡಬ್ಬವನ್ನು ಹಲಗೆಯ ಮೇಲೆ ಹಿಟ್ಟಿನ ಚೀಲದ ಹಿಂದೆ ತಳ್ಳಿದೆ. ಆಮೇಲೆ ಅವಳು ನನ್ನೊಡನೆ ಮಾತು ಬಿಟ್ಟಳು. ಉಪ್ಪು ಬೇಕಾದರೂ ಇಮಾನಿಯ ಮೂಲಕ ಕೇಳುತ್ತಿದ್ದಳು. ರೊಶೆಲ್ ಒಬ್ಬಳೇ ಸ್ವಲ್ಪ ಹಗುರಾಗಿ ಓಡಾಡುತ್ತಿದ್ದಳು. ನನ್ನ ಹನ್ನೊಂದನ್ನು ನಂಬಿಕೊಂಡು ಗಂಡನ ಬಟ್ಟೆ ಇಸ್ತ್ರಿ ಮಾಡುತ್ತಿದ್ದಳು.

ತಿಂಗಳ ಕೊನೆಯ ಗುರುವಾರ ಲವೆಲ್ ಹೊರಟ. ಎರ್ಲೀನ್ ಬನ್ನಿನ ಪೊಟ್ಟಣ ಕಟ್ಟಿದಳು. ರೊಶೆಲ್ ಚೀಲ ಇಡುತ್ತಿದ್ದಾಗ ನಾನು ಅವನನ್ನು ಏರಿಯ ಕಡೆಗೆ ಕರೆದುಕೊಂಡು ಹೋದೆ.

"ಒಂದೇ ಒಂದು ಕೇಳ್ತೀನಿ. ಅಲ್ಲಿ ಈ ಸಲ ನಾಟಕ ಮಾಡ್ಬೇಡ. ನಿಜವಾಗಿ ಮಾಡು."

"ಹುಚ್ಚಾ ನಿಂಗೆ? ಗುರುತು ಮೇಲೆ ಹೋದ್ರೆ ನಾಳೆ ಒಂದು ಪೆಟ್ಟಿಗೇ ಹೊರಗೆ ಕೂರಿಸ್ತಾರೆ."

"ಮೇಲೆ ಹೋದ್ರೆ ಹೋಗ್ಲಿ. ಹನ್ನೊಂದು ಬಂದ್ರೆ ನಾನು ದಡ್ಡಿ, ನಿಂಗೆ ಏನೂ ಆಗಿಲ್ಲ ಅಂತ ಅರ್ಥ. ಆಮೇಲೆ ಸಾಯೋವರೆಗೂ ಬಾಯಿ ತೆಗೆಯಲ್ಲ."

"ನಾನು ಅವತ್ತೂ ನಾಟಕಾನೇ ಮಾಡಿದ್ದು ಚಿಕ್ಕಮ್ಮಾ."

"ಹಾಗಾದ್ರೆ ಹೆದರಿಕೆ ಯಾಕೆ?"

ಅವನು ನದಿಯ ಕಡೆ ನೋಡಿದ. ದೋಣಿಯೊಂದು ಕಲ್ಲಿದ್ದಲು ತುಂಬಿಕೊಂಡು ನಿಧಾನಕ್ಕೆ ಹೋಗುತ್ತಿತ್ತು. ಕನ್ನಡಕ ತೆಗೆದು ಕಣ್ಣು ಉಜ್ಜಿಕೊಂಡ. "ನೀನು ಹೇಳಿಕೊಟ್ಟಿದ್ದು ಮಾತ್ರ ಚೆನ್ನಾಗಿ ನೆನಪಿದೆ ನಂಗೆ" ಎಂದ. "ಮೊದಲ ಮೂರು, ಕೊನೇ ಮೂರು, ನಡುವಿನದೊಂದು." ನನ್ನ ಹೆಗಲು ತಟ್ಟಿ ಕಾರಿನತ್ತ ಹೋದ. ಒಪ್ಪಿದನೋ ಇಲ್ಲವೋ ತಿಳಿಯಲಿಲ್ಲ.

ನಾಲ್ಕು ದಿನ ಕಳೆದು ಸೋಮವಾರ ಬಂತು. ಬೆಳಗ್ಗೆ ಪರೀಕ್ಷೆ, ಸಂಜೆಯಿಂದ ಅಭ್ಯಾಸ ಎಂದು ಅವನು ರೊಶೆಲ್‌ಗೆ ಹೇಳಿದ್ದ. ನಾನು ಬೀನ್ಸಿಗೆ ಸಾಸೇಜು ಹೆಚ್ಚಿ ಹಾಕುತ್ತಿದ್ದೆ. ಹನ್ನೆರಡೂವರೆಗೆ ನನ್ನ ಫೋನು ಬಡಿದುಕೊಂಡಿತು. ಎರಡೂ ಕೈ ಜಿಡ್ಡು.

"ಇಮಾನಿ, ಗುಂಡಿ ಒತ್ತು. ಎಲ್ಲರಿಗೂ ಕೇಳಿಸೋ ಹಾಗಿಡು, ಕೈ ಕೊಳೆ."

ಅದು ನಾನು ಬೇಕೆಂದೇ ಮಾಡಿದ್ದಲ್ಲ. ಆದರೆ ಮಾಡಿದ್ದಕ್ಕೆ ಬೇಸರವೂ ಇಲ್ಲ.

"ಚಿಕ್ಕಮ್ಮಾ" ಎಂದಿತು ಲವೆಲ್‌ನ ದನಿ. ಹಿಂದೆ ಗಾಳಿ, ಯಾರದೋ ಸೀಟಿ. "ಚಿಕ್ಕಮ್ಮಾ, ನಾನು ನಾಟಕ ಮಾಡ್ಲಿಲ್ಲ."

ಮೇಜಿಗೆ ತಟ್ಟೆ ಇಡುತ್ತಿದ್ದ ರೊಶೆಲ್ ನಿಂತಳು. ಎರ್ಲೀನ್ ಕಿಟಕಿಯ ಬಳಿಯ ಕುರ್ಚಿಯಿಂದ ತಿರುಗಿದಳು.

"ಎಷ್ಟು ಆಗತ್ತೋ ಅಷ್ಟೂ ಮಾಡ್ದೆ. ಅಂಗಿ ಒದ್ದೆಯಾಯ್ತು, ಅಷ್ಟು ಕಷ್ಟಪಟ್ಟೆ. ಮುಗಿಸಿ ಹೊರಗೆ ಬಂದ್ರೆ ಡಾಕ್ಟ್ರು ಬೆನ್ನು ತಟ್ಟಿದ್ರು. 'ಚೆನ್ನಾಗಿದೆ, ಹೋದ ವರ್ಷ ಎಷ್ಟಿತ್ತೋ ಅಷ್ಟೇ ಇದೆ' ಅಂದ್ರು."

ರೊಶೆಲ್ ನನ್ನನ್ನೇ ನೋಡುತ್ತಿದ್ದಳು.

"ನೀವು ಹನ್ನೊಂದು ಅಂದ್ರಿ."

"ಏಳು" ಎಂದೆ. "ಸುಳ್ಳು ಹೇಳ್ದೆ ರೊಶೆಲ್. ಏಳು."

"ರೊಶೆಲ್ ಅಲ್ಲೇ ಇದಾಳಾ?" ಎಂದ ಲವೆಲ್. ಸಿಟ್ಟು ಬರಬಹುದೆಂದುಕೊಂಡೆ. ಬರಲಿಲ್ಲ. "ಇರ್ಲಿ. ಇಮಾನಿ ಇದಾಳಾ? ಮಗಳೇ, ಅವತ್ತು ಚಿಕ್ಕಜ್ಜಿ ಓದಿದ ಪದ ನಿಂಗೆ ನೆನಪಿದೆಯಾ?"

"ಹೂಂ" ಎಂದಳು ಇಮಾನಿ. ಕೈ ಬೆನ್ನಿಗೆ ಕಟ್ಟಿಕೊಂಡು ತರಗತಿಯಲ್ಲಿ ಹೇಳುವ ಹಾಗೆ ಹೇಳಿದಳು: "ಏಣಿ, ಬೆಣ್ಣೆ, ಮೋಡ, ಗರಗಸ, ಕುದುರೆ, ನಿಂಬೆ, ಸೇತುವೆ, ಗಂಟೆ, ಹಗ್ಗ, ಚಮಚ, ದೋಣಿ, ಕನ್ನಡಿ."

"ಬೂಟು?"

"ಬೂಟು ಇರ್ಲಿಲ್ಲ ಅಪ್ಪ."

"ಕೊನೇಲಿ ಇತ್ತಲ್ಲಾ?"

"ಇಲ್ಲ ಅಪ್ಪ. ಅದು ಹೋದ ವರ್ಷದ್ದು."

"ಇವತ್ತು ಇಲ್ಲೂ ಬೂಟು ಅಂದೆ" ಎಂದ ಲವೆಲ್. "ಚಿಕ್ಕಮ್ಮಾ, ಆ ಕಾಗದ ಸುಟ್ಟೆ ಅಲ್ವಾ?"

"ಸುಟ್ಟೆ ಅಂದಿದ್ದೆ."

"ನಿಜ ಹೇಳು."

"ಸುಡ್ಲಿಲ್ಲ ಮಗಾ."

ಅವನು ಉಸಿರು ಬಿಟ್ಟದ್ದು ನಮಗೆಲ್ಲ ಕೇಳಿಸಿತು. "ಇಲ್ಲಿ ಯಾರಿಗೆ ಹೇಳಿದ್ರೂ ನಂಬಲ್ಲ. ನನ್ನ ಫೈಲಲ್ಲಿ ಎಲ್ಲ ಸರಿಯಾಗೇ ಇದೆ. ಆ ಕಾಗದಾನೇ ತೋರಿಸ್ಬೇಕು ಇವರಿಗೆ."

"ತೋರಿಸಿದ್ರೆ ಆಟ ಮುಗೀತು ಲವೆಲ್" ಎಂದೆ. ಅಕ್ಕನ ಮುಂದೆ ಅದನ್ನು ಯಾರಾದರೂ ಹೇಳಲೇಬೇಕಿತ್ತು. "ಏಳು ವರ್ಷ ಮೋಸ ಮಾಡಿದ್ದೂ ಹೊರಗೆ ಬೀಳುತ್ತೆ."

"ಗೊತ್ತು."

ರೊಶೆಲ್ ಕುರ್ಚಿಗೆ ಕುಸಿದು ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡಳು. ನಾನು ಕೈ ಒರೆಸಿಕೊಂಡು ಉಗ್ರಾಣಕ್ಕೆ ಹೊರಟೆ. ಎರ್ಲೀನ್ ನನಗಿಂತ ಮುಂಚೆ ಎದ್ದಿದ್ದಳು. ಕಿಟಕಿಯ ಬಳಿಯ ಕುರ್ಚಿಯನ್ನು ತಾನೇ ಎಳೆದುಕೊಂಡು ಹೋದಳು. ಮಂಡಿನೋವಿನಿಂದ ಚರ್ಚಿನ ಮೆಟ್ಟಿಲು ಹತ್ತದವಳು ಆ ಕುರ್ಚಿ ಹತ್ತಿ ನಿಂತಳು. ಹಿಟ್ಟಿನ ಚೀಲ ಸರಿಸಿ, ನೀಲಿ ಡಬ್ಬವನ್ನು ಎರಡೂ ಕೈಯಲ್ಲಿ ಹಿಡಿದು ಎದೆಗೆ ಒತ್ತಿಕೊಂಡ ಮೇಲೆ, ಇಳಿಯದೆ ಅಲ್ಲಿಂದಲೇ ಮಗನಿಗೆ ಕೇಳುವಂತೆ ಕೂಗಿದಳು.

"ಡಬ್ಬ ನನ್ ಕೈಲಿದೆ ಮಗಾ. ನಾಳೆ ಬೆಳಗ್ಗೆ ನಾನು, ರೊಶೆಲ್ ಹೊರಟು ಬರ್ತೀವಿ. ಇವತ್ತು ಸಂಜೆ ನಿನ್ನನ್ನ ಮೈದಾನಕ್ಕೆ ಕರೀತಾರೆ. ಕಾಲಿಡ್ಬೇಡ. ಕೇಳಿಸ್ತಾ?"

"ಕೇಳಿಸ್ತು ಅಮ್ಮ."

"ಏನಂದೆ ನಾನು? ಹೇಳು."

"ಕಾಲಿಡ್ಬೇಡ ಅಂದೆ."

"ಇನ್ನೊಂದ್ಸಲ ಹೇಳು" ಎಂದಳು ಅಕ್ಕ. ಅವನು ಹೇಳಿದ.